ಉದ್ದ, ಕುಳ್ಳ ಮತ್ತು ನಮ್ಮ ದೊಡ್ಡಪ್ಪ!

ಕಡಬದ ನಮ್ಮ ದೊಡ್ಡಪ್ಪನಿಗೆ ಹುಟ್ಟಿನಿಂದಲೇ ಕಿವಿ ಕೇಳಿಸದು. ಆದರೆ ಸಿನಿಮಾ ಹುಚ್ಚು ಅಂದ್ರೆ ಹುಚ್ಚು! ನಾನು ಸಣ್ಣವನಿದ್ದಾಗ ಬಸ್ಸು ಹತ್ತಿಸಿ ಪುತ್ತೂರಿಗೆ ಕರಕೊಂಡು ಹೋಗಿ ಟಿಕೆಟ್ ತೆಗೆಯುತ್ತಿದ್ದರು. ತೆರೆಯ ಮೇಲೆ ನರಸಿಂಹರಾಜು ಬಾಯಿ ಬಿಟ್ಟರೆ ಸಾಕು, ಟಾಕೀಸಿನ ಹೆಂಚು ಹಾರುವಂಥ ನಗು. ದೊಡ್ಡಪ್ಪನೂ ನಗುತ್ತಿದ್ದರು... ಆದರೆ ಒಂದು ಕ್ಷಣ ತಡವಾಗಿ. ಅಕ್ಕಪಕ್ಕದವರ ಮುಖ ನೋಡಿ, ಆಮೇಲೆ!

ಸುಳ್ಯದಲ್ಲಿ ಹೈಸ್ಕೂಲು ಸೇರಿದ ಮೇಲೆ ನನಗೆ ನಾಚಿಕೆ ಬಂತು. ಗೆಳೆಯರ ಜೊತೆ ಬೇರೆ ಸಾಲಿನಲ್ಲಿ ಕೂತೆ. ಅವರು ಏನೂ ಅನ್ನಲಿಲ್ಲ. ಆದರೆ ಮತ್ತೆಂದೂ ಕರೆಯಲೂ ಇಲ್ಲ.

ಮೊನ್ನೆ ಊರಿಗೆ ಹೋದಾಗ ಮೊಬೈಲಿನಲ್ಲಿ ಒಂದು ಮೂಕಿ ಚಿತ್ರ ಹಾಕಿಕೊಟ್ಟೆ. ಡೆನ್ಮಾರ್ಕಿನದು ಮಾರಾಯ್ರೆ! ಕಾರ್ಲ್ ಶೆನ್‌ಸ್ಟ್ರೋಮ್ ಅನ್ನೋ ತೆಂಗಿನ ಮರದಂಥ ಮೀಸೆಯವ, ಹರಾಲ್ಡ್ ಮ್ಯಾಡ್ಸನ್ ಅನ್ನೋ ಗುಂಡು ಕುಳ್ಳ. ಮ್ಯಾಡ್ಸನ್ ಸರ್ಕಸ್ಸಿನ ವಿದೂಷಕನಾಗಿದ್ದವ. ಪಲ್ಲಾಡಿಯಂ ಕಂಪನಿಗಾಗಿ ನಿರ್ದೇಶಕ ಲಾವ್ ಲಾವ್ರಿಟ್ಸನ್ 1921ರಲ್ಲಿ ಇಬ್ಬರನ್ನೂ ಜೋಡಿ ಮಾಡಿದರು. ಡೆನ್ಮಾರ್ಕಿನಲ್ಲಿ ಉದ್ದನಿಗೆ 'ದೀಪಸ್ತಂಭ' ಎಂಬರ್ಥದ ಹೆಸರು. ಜರ್ಮನಿಯಲ್ಲಿ ಈ ಜೋಡಿಯೇ 'ಪ್ಯಾಟ್ ಮತ್ತು ಪ್ಯಾಟಶಾನ್'. ಲಾರೆಲ್-ಹಾರ್ಡಿ ಜೋಡಿ ಗಟ್ಟಿಯಾದದ್ದು 1927ರಲ್ಲಿ. ಅಂದರೆ ಇವರೇ ಅಣ್ಣಂದಿರು! ನಮ್ಮ 'ಕಳ್ಳ ಕುಳ್ಳ' ಬಂದದ್ದು 1975ರಲ್ಲಿ. ಉದ್ದ ವಿಷ್ಣುವರ್ಧನ್, ಕುಳ್ಳ ದ್ವಾರಕೀಶ್. ಸೂತ್ರ ಹಳೆಯದೇ, ನಗು ಮಾತ್ರ ಹೊಸದು.

ನಡುವೆ ಬರುವ ಡೇನಿಷ್ ಅಕ್ಷರ ದೊಡ್ಡಪ್ಪನಿಗೂ ಗೊತ್ತಿಲ್ಲ, ನನಗೂ ಗೊತ್ತಿಲ್ಲ. ಸರಿಸಮ! ಉದ್ದನೆಯವ ಗಂಭೀರವಾಗಿ ಹೆಜ್ಜೆ ಹಾಕುತ್ತಾನೆ, ಕುಳ್ಳ ಹಿಂದೆ ಓಡುತ್ತಾನೆ. ಏನೋ ಆಗುತ್ತೆ ಅಂತ ನಾನು ಇನ್ನೂ ಯೋಚಿಸುತ್ತಿದ್ದೆ, ದೊಡ್ಡಪ್ಪ ಆಗಲೇ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ನನ್ನ ಮುಖ ನೋಡಲೇ ಇಲ್ಲ. ಈ ಸಲ ತಡವಾಗಿ ನಕ್ಕವನು ನಾನು!

ಪುತ್ತೂರಿನಲ್ಲಿ ಬಾಳಿದ ಶಿವರಾಮ ಕಾರಂತರೂ ಒಂದು ಕಾಲಕ್ಕೆ ಮೂಕಿ ಚಿತ್ರ ತೆಗೆದವರೇ. 1934ರಲ್ಲಿ 'ಸತಿ ಸುಲೋಚನ' ಬಂದು ಕನ್ನಡದ ತೆರೆ ಮಾತಾಡಿತು, ನಮಗೆಲ್ಲ ಹಬ್ಬ. ದೊಡ್ಡಪ್ಪನಂಥವರಿಗೆ? ಅದನ್ನು ನಾವು ಯೋಚಿಸಲೇ ಇಲ್ಲ.

ಇನ್ನೊಂದು ಮಾತು. ನಮ್ಮ ಹಾಸ್ಯ ಚಕ್ರವರ್ತಿಗಳಲ್ಲೊಬ್ಬರಾದ ಬಾಲಕೃಷ್ಣ ಅವರಿಗೂ ಕಿವಿ ಸರಿಯಾಗಿ ಕೇಳಿಸುತ್ತಿರಲಿಲ್ಲ. ಎದುರಿನವರ ತುಟಿ ನೋಡಿಯೇ ಸಂಭಾಷಣೆ ಹೊಡೆಯುತ್ತಿದ್ದರು. ಇದನ್ನು ಚೀಟಿಯಲ್ಲಿ ಬರೆದು ತೋರಿಸಿದೆ. ದೊಡ್ಡಪ್ಪ ಎರಡು ಸಲ ಓದಿ, ಚೀಟಿ ಮಡಚಿ ಅಂಗಿ ಜೇಬಿಗೆ ಹಾಕಿಕೊಂಡರು.

ಗೆಳೆಯರೇ, ನಿಮ್ಮ ಮನೆಯಲ್ಲೂ ಇಂಥವರಿದ್ದರೆ ಒಂದು ಮೂಕಿ ಚಿತ್ರ ಹಾಕಿಕೊಡಿ. ಪಕ್ಕದಲ್ಲೇ ಕೂತುಕೊಳ್ಳಿ, ಬೇರೆ ಸಾಲಿನಲ್ಲಲ್ಲ!