ಮೈಕೈ ನೋವಿಗೆ ಲಕ್ಕಿ ಸೊಪ್ಪು

ಮಳೆಗಾಲ ಬಂತೆಂದರೆ ಹಿರಿಯರ ಮಂಡಿನೋವು, ಮಕ್ಕಳ ನೆಗಡಿ-ಜ್ವರ ಜೊತೆಯಾಗಿಯೇ ಬರುತ್ತವೆ. ಆಗ ಅಜ್ಜಿಯರಿಗೆ ನೆನಪಾಗುವುದು ಲಕ್ಕಿ ಸೊಪ್ಪು. ದಾವಣಗೆರೆಯ ಕೆ.ಬಿ. ಬಡಾವಣೆಯಂತಹ ಕಡೆ ಕಾಂಪೌಂಡುಗಳ ನಡುವೆ ಇದನ್ನು ಹುಡುಕುವುದು ಕಷ್ಟ. ಊರಾಚೆ ಹೊಲದ ಬೇಲಿ, ಹಳ್ಳದ ದಂಡೆಗಳಲ್ಲಿ ತಾನಾಗಿಯೇ ಬೆಳೆಯುತ್ತದೆ.

ಸಂಸ್ಕೃತದಲ್ಲಿ ಇದು ನಿರ್ಗುಂಡಿ. ಸಸ್ಯಶಾಸ್ತ್ರದಲ್ಲಿ ವೈಟೆಕ್ಸ್ ನೆಗುಂಡೊ. ತುಳಸಿ, ಪುದೀನಗಳ ಕುಟುಂಬಕ್ಕೆ ಸೇರಿದ, ಆಳೆತ್ತರ ಮೀರುವ ಪೊದೆ. ಒಂದು ತೊಟ್ಟಿಗೆ ಮೂರು ಅಥವಾ ಐದು ಎಲೆ. ಮೇಲೆ ಹಸಿರು, ಕೆಳಗೆ ಬೂದು ಬಿಳುಪು. ತಿಳಿ ನೇರಳೆ ಬಣ್ಣದ ಸಣ್ಣ ಹೂಗಳು ಗೊಂಚಲಾಗಿರುತ್ತವೆ. ಎಲೆ ಉಜ್ಜಿದರೆ ಘಾಟು ವಾಸನೆ ಬರುತ್ತದೆ.

ಎಲೆಯ ಸಾರಕ್ಕೆ ನೋವು, ಊತ ಕಡಿಮೆ ಮಾಡುವ ಗುಣವಿರುವುದು ಪ್ರಾಣಿಗಳ ಮೇಲಿನ ಪ್ರಯೋಗಗಳಲ್ಲಿ ಕಂಡುಬಂದಿದೆ. ಮನೆಯಲ್ಲಿ ಹೊರಗಿನ ಬಳಕೆಯೇ ಸಾಕು. ಎರಡು ಹಿಡಿ ಸೊಪ್ಪನ್ನು ನೀರಿನಲ್ಲಿ ಕುದಿಸಿ, ಬಿಸಿ ತಡೆಯುವಷ್ಟು ಆರಿಸಿ, ಬಟ್ಟೆ ಅದ್ದಿ ಹಿಂಡಿ ನೋವಿರುವಲ್ಲಿ ಹತ್ತು ನಿಮಿಷ ಇಡಿ. ಸೊಪ್ಪನ್ನು ಬಾಣಲೆಯಲ್ಲಿ ಬಾಡಿಸಿ, ಗಂಟು ಕಟ್ಟಿಯೂ ಶಾಖ ಕೊಡಬಹುದು. ಗಾಯವಿರುವಲ್ಲಿ ಬೇಡ. ಸಕ್ಕರೆ ಕಾಯಿಲೆಯಿಂದ ಪಾದ ಜೋಮು ಹಿಡಿದವರಿಗೆ ಬಿಸಿ ತಿಳಿಯದೆ ಸುಡುವ ಅಪಾಯವಿದೆ. ಮಕ್ಕಳನ್ನು ಕುದಿಯುವ ಪಾತ್ರೆಯ ಮುಂದೆ ಹಬೆಗೆ ಕೂರಿಸಲೇಬೇಡಿ. ಗರ್ಭಿಣಿಯರು, ಹಾಲೂಡಿಸುವ ತಾಯಂದಿರು ವೈದ್ಯರನ್ನು ಕೇಳದೆ ಇದರ ಕಷಾಯ ಕುಡಿಯಬಾರದು.

ಮುಖ್ಯವಾದ ಮಾತೊಂದಿದೆ. ಮೈಕೈ ನೋವಿನ ಜೊತೆ ಜ್ವರವೂ ಇದ್ದರೆ ಅದು ಡೆಂಗಿ ಇರಬಹುದು. ಲಕ್ಕಿ ನೀರಿನ ಸ್ನಾನದಿಂದ ಮೈ ಹಗುರವೆನಿಸಬಹುದು, ಡೆಂಗಿ ವಾಸಿಯಾಗುವುದಿಲ್ಲ. ಈ ಜ್ವರ ಸಾಮಾನ್ಯವಾಗಿ ಮೂರರಿಂದ ಏಳು ದಿನಗಳೊಳಗೆ ತಾನಾಗಿಯೇ ಇಳಿಯುತ್ತದೆ. 'ಸೊಪ್ಪು ಕೆಲಸ ಮಾಡಿತು' ಎಂದು ಮನೆಯವರು ನಿಶ್ಚಿಂತರಾಗುತ್ತಾರೆ. ಆದರೆ ಕೆಲವರಿಗೆ ನಿಜವಾದ ಅಪಾಯ ಶುರುವಾಗುವುದೇ ಆಗ. ತೀವ್ರ ಹೊಟ್ಟೆನೋವು, ನಿಲ್ಲದ ವಾಂತಿ, ಒಸಡು-ಮೂಗಿನಲ್ಲಿ ರಕ್ತ, ವಿಪರೀತ ಸುಸ್ತು, ಕೈಕಾಲು ತಣ್ಣಗಾಗುವುದು ಕಂಡರೆ ಒಂದು ಗಳಿಗೆಯೂ ಕಾಯದೆ ಆಸ್ಪತ್ರೆಗೆ ಕರೆದೊಯ್ಯಿರಿ. ಡೆಂಗಿ ಶಂಕೆಯಿದ್ದಾಗ ಆಸ್ಪಿರಿನ್, ಐಬುಪ್ರೊಫೆನ್ ಮಾತ್ರೆ ಕೊಡಬೇಡಿ, ರಕ್ತಸ್ರಾವ ಹೆಚ್ಚಬಹುದು.

ಲಕ್ಕಿ ಸೊಪ್ಪಿನ ಹೊಗೆ ಹಾಕಿ ಸೊಳ್ಳೆ ಓಡಿಸುವ ರೂಢಿಯೂ ಇದೆ. ಉಬ್ಬಸದವರಿಗೆ ಆ ಹೊಗೆ ಆಗದು. ಅದಕ್ಕಿಂತ, ನೀರು ತುಂಬಿದ ತೊಟ್ಟಿ, ಡ್ರಮ್ಮುಗಳನ್ನು ವಾರಕ್ಕೊಮ್ಮೆ ಬರಿದು ಮಾಡಿ, ಉಜ್ಜಿ ತೊಳೆದು, ಮುಚ್ಚಿಡಿ.

ಮಂಡಿನೋವಿಗೆ ಲಕ್ಕಿಯ ಶಾಖವಿರಲಿ. ಜ್ವರಕ್ಕೆ ವೈದ್ಯರ ಸಲಹೆಯಿರಲಿ.