ಸಂಗೀತವನ್ನು ಕಣ್ಣಿಗೆ ಕಾಣಿಸಿದ ಹಂಫ್ರಿ ಬರ್ಟನ್

ಸಂಗೀತವು ಕಿವಿಯ ಭಾಗ್ಯ. ಅದನ್ನು ಕಣ್ಣಿಗೆ ಉಣಬಡಿಸುವುದೆಂತು? ಹಾಡುವವರ ಬಾಯನ್ನೂ ನುಡಿಸುವವರ ಬೆರಳನ್ನೂ ತೋರಿದ ಮಾತ್ರಕ್ಕೆ ನಾದದ ಒಳಗುಟ್ಟು ತಿಳಿದೀತೆ? ಇಂಗ್ಲೆಂಡಿನ ಹಂಫ್ರಿ ಬರ್ಟನ್ನರ ವೃತ್ತಿಜೀವನವೆಲ್ಲ ಈ ಪ್ರಶ್ನೆಗೆ ಕೊಟ್ಟ ಉತ್ತರವೆಂದೇ ನಾವು ಭಾವಿಸುತ್ತೇವೆ.

1931ರಲ್ಲಿ ಜನಿಸಿದ ಬರ್ಟನ್ನರು 1955ರಲ್ಲಿ ಬಿ.ಬಿ.ಸಿ. ರೇಡಿಯೋವನ್ನು ಸೇರಿದರು. ಮೂರು ವರ್ಷಗಳ ತರುವಾಯ ಟೆಲಿವಿಷನ್ನಿಗೆ ಬಂದು, ಹ್ಯೂ ವೆಲ್ಡನ್ನರ 'ಮಾನಿಟರ್' ಎಂಬ ಕಲಾ ಕಾರ್ಯಕ್ರಮದಲ್ಲಿ ಪಳಗಿದರು. 1962ರಲ್ಲಿ ಕೆನ್ ರಸೆಲ್ಲರು ನಿರ್ದೇಶಿಸಿದ, ಸಂಗೀತರಚನಕಾರ ಎಲ್ಗರರ ಜೀವನಚಿತ್ರಕ್ಕೆ ಇವರೇ ನಿರ್ಮಾಪಕರು. ಅದರಲ್ಲಿ ನಟರು ಮಾತನಾಡುವುದಿಲ್ಲ. ಬೆಟ್ಟದ ಮೇಲೆ ಕುದುರೆಯೇರಿ ಸಾಗುವ ಬಾಲಕನೂ ಹಿನ್ನೆಲೆಯ ವಾದ್ಯವೃಂದವೂ ಕಥೆಯನ್ನು ಹೇಳಿಬಿಡುತ್ತವೆ.

ಆದರೆ ನಮ್ಮ ಮನಸ್ಸನ್ನು ಸೆಳೆದುದು 1965ರ 'ದ ಗೋಲ್ಡನ್ ರಿಂಗ್' ಎಂಬ ಸಾಕ್ಷ್ಯಚಿತ್ರ. ವಾಗ್ನರನ ಗೀತನಾಟಕವೊಂದರ ಧ್ವನಿಮುದ್ರಣವನ್ನು ಡೆಕ್ಕಾ ಕಂಪೆನಿಯವರು 1964ರಲ್ಲಿ ವಿಯೆನ್ನಾ ನಗರದಲ್ಲಿ ನಡೆಸಿದಾಗ ಬರ್ಟನ್ನರು ಕ್ಯಾಮರಾಗಳೊಡನೆ ಅಲ್ಲಿಗೆ ಹೋದರು. ರಂಗಸಜ್ಜಿಕೆಯಿಲ್ಲ, ವೇಷಭೂಷಣವಿಲ್ಲ, ನಿತ್ಯದ ಉಡುಪಿನಲ್ಲಿ ಮೈಕಿನ ಮುಂದೆ ನಿಂತು ಹಾಡುವ ಗಾಯಕರು, ಮೈಮರೆತು ಕೈಬೀಸುವ ನಿರ್ದೇಶಕ ಶೋಲ್ಟಿಯವರು. ನಾಯಕಿ ತನ್ನ ಕುದುರೆಯೊಡನೆ ಚಿತೆಯನ್ನು ಹೊಗುವ ಘಟ್ಟದಲ್ಲಿ ಗೆಳೆಯರು ವಿನೋದಕ್ಕಾಗಿ ನಿಜವಾದ ಕುದುರೆಯೊಂದನ್ನೇ ಸಭಾಂಗಣದೊಳಕ್ಕೆ ನಡೆಸಿಕೊಂಡು ಬಂದರು! ಗಾಯಕಿ ಬಿರ್ಗಿಟ್ ನಿಲ್ಸನ್ನರು ನಕ್ಕರು. ಗಂಭೀರ ಚಿತ್ರದಲ್ಲಿ ಇದೇಕೆಂದು ಬರ್ಟನ್ನರು ಅದನ್ನು ಕತ್ತರಿಸಿ ಎಸೆಯಲಿಲ್ಲ. ಮಹಾಕೃತಿಯೊಂದು ದುಡಿಯುವ, ದಣಿಯುವ, ನಗುವ ಮನುಷ್ಯರಿಂದಲೇ ಆಗುವುದೆಂಬುದು ಅಲ್ಲಿ ಕಾಣುತ್ತದೆ.

ಅವರು ಅಲಂಕರಿಸಿದ ಕುರ್ಚಿಗಳ ವಿವರ ವಾಚಕರಿಗೆ ಅಷ್ಟಾಗಿ ರುಚಿಸದು. 1970ರಿಂದ ಲಂಡನ್ ವೀಕೆಂಡ್ ಟೆಲಿವಿಷನ್ನಿನ 'ಅಕ್ವೇರಿಯಸ್' ಕಾರ್ಯಕ್ರಮದ ನಿರೂಪಕರಾಗಿ ಮನೆಮನೆಗೂ ಪರಿಚಿತರಾದರು, 1975ರಲ್ಲಿ ಬಿ.ಬಿ.ಸಿ.ಗೆ ಮರಳಿದರು. 1978ರಲ್ಲಿ ವಾಲ್ಟರ್ ಟಾಡ್ಸ್ ಅವರೊಡಗೂಡಿ ಎಳೆಯ ವಾದಕರ ಸ್ಪರ್ಧೆಯನ್ನು ಆರಂಭಿಸಿದರು. ಮೊದಲ ವರ್ಷ ಗೆದ್ದವನು ಪಿಯಾನೋ ನುಡಿಸುವವನಲ್ಲ, ಪಿಟೀಲಿನವನೂ ಅಲ್ಲ; ಟ್ರಾಂಬೋನ್ ಎಂಬ ಹಿತ್ತಾಳೆಯ ವಾದ್ಯವನ್ನು ಊದುವ ತರುಣ.

ಲಿಯೊನಾರ್ಡ್ ಬರ್ನ್‌ಸ್ಟೈನರು ನಡೆಸಿದ ಮಾಹ್ಲರ್ ಸಿಂಫೊನಿಗಳನ್ನು 1970ರ ದಶಕದಲ್ಲಿ ಚಿತ್ರೀಕರಿಸಿದವರೂ ಬರ್ಟನ್ನರೇ. ಯಾವ ಗಳಿಗೆಯಲ್ಲಿ ಯಾವ ವಾದ್ಯ ದನಿಯೆತ್ತುವುದೆಂದು ಸ್ವರಲಿಪಿಯಿಂದ ಅರಿಯದವನಿಗೆ ಈ ಕಾರ್ಯ ಸಾಧ್ಯವಿಲ್ಲ. ನಮ್ಮ ಕಚೇರಿಗಳ ಪ್ರಸಾರದಲ್ಲಿ ಪಿಟೀಲಿನ ಸರದಿ ಬಂದಾಗ ಮುಂದಿನ ಸಾಲಿನ ಮಹನೀಯರ ತಲೆದೂಗನ್ನು ತೋರಿಸಿದುದನ್ನು ನಾವು ಎಷ್ಟು ಸಲ ಕಂಡಿಲ್ಲ!

ಬರ್ಟನ್ನರು ಲೇಖನಿಯನ್ನೂ ಹಿಡಿದರು. 1994ರಲ್ಲಿ ಬರ್ನ್‌ಸ್ಟೈನರ ಚರಿತ್ರೆಯೂ 2000ದಲ್ಲಿ ಯೆಹೂದಿ ಮೆನುಹಿನ್ನರ ಚರಿತ್ರೆಯೂ ಹೊರಬಂದವು. ಆ ಮೆನುಹಿನ್ನರು ಪುಣೆಯ ನಮ್ಮವರಿಗೆ ದೂರದವರಲ್ಲ. 1952ರಲ್ಲಿ ಮುಂಬಯಿಗೆ ಬಂದಾಗ ಅವರು ಯೋಗಾಸನವನ್ನು ಕಲಿತುದು ಕೋಲಾರ ಜಿಲ್ಲೆಯ ಬೆಳ್ಳೂರಿನಲ್ಲಿ ಹುಟ್ಟಿ ಪುಣೆಯಲ್ಲಿ ನೆಲಸಿದ ಬಿ.ಕೆ.ಎಸ್. ಅಯ್ಯಂಗಾರ್ಯರಿಂದ. ಎರಡು ವರ್ಷಗಳ ಮೇಲೆ ಮೆನುಹಿನ್ನರು ಅವರಿಗೊಂದು ಕೈಗಡಿಯಾರವನ್ನು ಕಾಣಿಕೆಯಾಗಿ ಕೊಟ್ಟರು. ಅದರ ಹಿಂಬದಿಯಲ್ಲಿ, ತಮ್ಮ ಅತ್ಯುತ್ತಮ ಪಿಟೀಲು ಗುರುವಿಗೆ ಎಂದು ಕೆತ್ತಿಸಿದ್ದರು.