ಮರಳೇ ಚಿಪ್ಪು: ಚಂದ್ರಗಿರಿಯ ಪಾಲಪ್ಪೂವನ್ ಆಮೆ

ಕಾಸರಗೋಡಿನ ಕನ್ನಡಿಗರು ಚಂದ್ರಗಿರಿಯ ಹೆಸರನ್ನು ಬಹುಮಟ್ಟಿಗೆ ಒಂದು ಗೆರೆಯ ಹೆಸರಾಗಿ ಕೇಳುತ್ತ ಬಂದಿದ್ದಾರೆ. ತುಳುನಾಡಿಗೂ ಮಲಯಾಳ ದೇಶಕ್ಕೂ ಈ ನದಿಯೇ ಎಲ್ಲೆಯೆಂಬುದು ಹಿಂದಿನಿಂದ ಬಂದ ಮಾತು. 1956ರ ನವೆಂಬರ್ 1ರಂದು ಕಾಸರಗೋಡು ಕೇರಳಕ್ಕೆ ಸೇರಿತು. 1967ರಲ್ಲಿ ಮಹಾಜನ ಆಯೋಗವು ನದಿಯ ಉತ್ತರದ ಭಾಗವು ಮೈಸೂರು ರಾಜ್ಯಕ್ಕೆ ಸೇರತಕ್ಕದ್ದೆಂದು ಶಿಫಾರಸು ಮಾಡಿತು. ಆ ಶಿಫಾರಸು ಜಾರಿಗೆ ಬರಲಿಲ್ಲ. ಹೀಗೆ ಭೂಪಟದಲ್ಲಿಯೂ ಮನಸ್ಸಿನಲ್ಲಿಯೂ ಗೆರೆಯಾಗಿ ನಿಂತ ಈ ನದಿಯ ತಳದಲ್ಲಿ, ಮರಳಿನೊಳಗೆ ಹುದುಗಿಕೊಂಡು, ಜಗತ್ತಿನ ಅತ್ಯಂತ ದೊಡ್ಡ ಸಿಹಿನೀರಿನ ಆಮೆಗಳಲ್ಲೊಂದು ಬದುಕುತ್ತಿದೆ. ಅದರ ಇರವನ್ನು ವಿಜ್ಞಾನಕ್ಕೆ ತಿಳಿಸಿಕೊಟ್ಟವರು ಮುಖ್ಯವಾಗಿ ದಡದ ಜನರು. ಅದು ಮುಂದೆ ಉಳಿಯುವುದೂ ಬಹುಪಾಲು ಅವರ ಅರಿವಿನ ಮೇಲೆಯೇ ನಿಂತಿದೆ ಎಂಬುದನ್ನು ವಿವರಿಸುವುದು ಈ ಲೇಖನದ ಉದ್ದೇಶ.

ಮಲಯಾಳದಲ್ಲಿ ಈ ಆಮೆಗೆ ‘ಪಾಲಪ್ಪೂವನ್’ ಎಂಬ ಹೆಸರಿದೆ. ಈ ಹೆಸರಿನಲ್ಲಿ ‘ಪಾಲ’ ಮತ್ತು ‘ಪೂವ್’ ಎಂಬ ಎರಡು ಪದಗಳು ಕಿವಿಗೆ ಬೀಳುತ್ತವೆ. ಆಟಿ ಅಮಾವಾಸ್ಯೆಯಂದು ತುಳುವರು ಕಷಾಯ ಮಾಡಿ ಕುಡಿಯುವ ತೊಗಟೆಯ ‘ಪಾಲೆ’ ಮರ, ಕನ್ನಡದ ‘ಹಾಲೆ’ ಮರ, ಮಲಯಾಳದ ‘ಪಾಲ’ ಇವೆಲ್ಲ ಒಂದೇ ಬೇರಿನ ಮಾತುಗಳು. ಪೂವ್ ಎಂಬುದು ಪಕಾರವು ಹಕಾರವಾದ ಬಳಿಕ ನಮ್ಮ ಹೂವು. ‘ಆಮೆ’ ಎಂಬ ಪದವೂ ಹಾಗೆಯೇ: ತಮಿಳಿನಲ್ಲಿ ಆಮೈ, ಮಲಯಾಳದಲ್ಲಿ ಆಮ, ತುಳುವಿನಲ್ಲಿ ಏಮೆ. ನದಿಯ ಎರಡು ದಡಗಳ ಭಾಷೆಗಳು ಈ ಪ್ರಾಣಿಯನ್ನು ಕರೆಯುವಲ್ಲಿ ಅಷ್ಟೇನೂ ದೂರವಿಲ್ಲ.

ವಿಜ್ಞಾನದ ಹೆಸರು ಪೆಲೋಕೆಲಿಸ್ ಕ್ಯಾಂಟೋರಿ. ಗ್ರೀಕಿನಲ್ಲಿ ‘ಪೆಲೋಸ್’ ಎಂದರೆ ಕೆಸರು, ‘ಕೆಲಿಸ್’ ಎಂದರೆ ಆಮೆ. ಈಸ್ಟ್ ಇಂಡಿಯಾ ಕಂಪನಿಯ ಸೇವೆಯಲ್ಲಿದ್ದ ಡೆನ್ಮಾರ್ಕಿನ ವೈದ್ಯ ಹಾಗೂ ಪ್ರಾಣಿಶಾಸ್ತ್ರಜ್ಞ ಥಿಯೋಡರ್ ಕ್ಯಾಂಟರ್ ಅವರ ನೆನಪಿಗಾಗಿ ಜಾನ್ ಎಡ್ವರ್ಡ್ ಗ್ರೇ 1864ರಲ್ಲಿ ಈ ಹೆಸರನ್ನು ಕೊಟ್ಟರು. ಭಾರತ, ಬಾಂಗ್ಲಾದೇಶ, ಮ್ಯಾನ್ಮಾರ್‌ಗಳಿಂದ ಮೊದಲ್ಗೊಂಡು ಆಗ್ನೇಯ ಏಷ್ಯಾ, ಚೀನಾ, ಫಿಲಿಪ್ಪೀನ್ಸ್‌ಗಳವರೆಗೆ ಇದರ ವ್ಯಾಪ್ತಿ ಹರಡಿತ್ತು. ಇಂದು ಆ ವಿಸ್ತಾರದ ಬಹುಭಾಗದಲ್ಲಿ ಅದು ಕಾಣಸಿಗುವುದಿಲ್ಲ. ಅಂತರರಾಷ್ಟ್ರೀಯ ಪ್ರಕೃತಿ ಸಂರಕ್ಷಣಾ ಒಕ್ಕೂಟದ ಕೆಂಪು ಪಟ್ಟಿಯಲ್ಲಿ ಅದನ್ನು ಅಳಿವಿನ ಅಪಾಯ ಅತಿ ತೀವ್ರವಾಗಿರುವ ವರ್ಗದಲ್ಲಿ ಇರಿಸಲಾಗಿದೆ. ನಮ್ಮ ದೇಶದ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಮೊದಲ ಅನುಸೂಚಿಯಲ್ಲಿ ಸೇರಿರುವುದರಿಂದ ಅದನ್ನು ಹಿಡಿಯುವುದಾಗಲಿ ಕೊಲ್ಲುವುದಾಗಲಿ ಗಂಭೀರ ಅಪರಾಧ.

ಆಮೆ ಎಂದೊಡನೆ ನಮ್ಮ ಕಣ್ಣೆದುರು ಬರುವ ಚಿತ್ರ ಗಟ್ಟಿ ಚಿಪ್ಪಿನದು. ಇಂದ್ರಿಯಗಳನ್ನು ಒಳಸೆಳೆದುಕೊಳ್ಳುವ ಸ್ಥಿತಪ್ರಜ್ಞನಿಗೆ ಭಗವದ್ಗೀತೆ ಅಂಗಗಳನ್ನು ಒಳಸೆಳೆದುಕೊಳ್ಳುವ ಆಮೆಯನ್ನು ಹೋಲಿಸಿದ್ದು ಆ ಚಿತ್ರವನ್ನು ಇನ್ನಷ್ಟು ಗಾಢಗೊಳಿಸಿದೆ. ಪಾಲಪ್ಪೂವನ್‌ನ ದೇಹರಚನೆಯೇ ಬೇರೆ. ಅದರ ಬೆನ್ನಿನ ಮೇಲೆ ಕೊಂಬಿನಂತಹ ಗಟ್ಟಿ ಫಲಕಗಳಿಲ್ಲ. ಎಲುಬಿನ ಹಂದರದ ಮೇಲೆ ಚರ್ಮದ ಹೊದಿಕೆ ಮಾತ್ರ ಇದೆ. ಬೆನ್ನು ತಟ್ಟೆಯಂತೆ ಚಪ್ಪಟೆ. ತಲೆ ಅಗಲ, ಮೂತಿ ಗಿಡ್ಡ, ಕಣ್ಣುಗಳು ಮೂತಿಯ ತುದಿಗೆ ಹತ್ತಿರ. ಮುಂದಿನಿಂದ ನೋಡಿದರೆ ಕಪ್ಪೆಯ ಮುಖ ನೆನಪಾಗುತ್ತದೆ. ಬಲಿತ ಆಮೆಯ ಬೆನ್ನು ಒಂದು ಮೀಟರಿನಷ್ಟು ಉದ್ದ ಬೆಳೆಯಬಲ್ಲದು, ತೂಕ 100 ಕಿಲೋಗ್ರಾಂ ಮುಟ್ಟಬಲ್ಲದು. ಇಷ್ಟು ದೊಡ್ಡ ದೇಹಕ್ಕೆ ಗಟ್ಟಿ ಚಿಪ್ಪಿಲ್ಲದಿದ್ದರೆ ರಕ್ಷಣೆ ಎಲ್ಲಿಂದ? ಉತ್ತರ ನದಿಯ ತಳದಲ್ಲಿದೆ. ಕರಾವಳಿಯವರು ಹೊಯಿಗೆಯೆಂದೂ ತುಳುವರು ಪೊಯ್ಯೆಯೆಂದೂ ಕರೆಯುವ ಮರಳೇ ಈ ಆಮೆಯ ಚಿಪ್ಪು.

ಅದು ಕಾಲುಗಳಿಂದ ಮರಳನ್ನು ಕೆದಕಿ, ಮೈಯನ್ನು ಅತ್ತಿತ್ತ ಹೊರಳಿಸಿ, ಕ್ಷಣಗಳಲ್ಲಿ ತಳದೊಳಕ್ಕೆ ಇಳಿಯುತ್ತದೆ. ಕಣ್ಣು ಮತ್ತು ಮೂಗು ಮಾತ್ರ ಹೊರಗಿರುತ್ತವೆ. ಆಯುಸ್ಸಿನ ಬಹುಪಾಲನ್ನು ಹೀಗೆ ಅಲುಗಾಡದೆ ಕಳೆಯುವುದೇ ಅದರ ಕ್ರಮ. ಉಸಿರಿಗಾಗಿ ಆಗೊಮ್ಮೆ ಈಗೊಮ್ಮೆ ಮೇಲೆ ಬರುತ್ತದೆ. ಮೆದುಚಿಪ್ಪಿನ ಆಮೆಗಳ ಕುಲದಲ್ಲಿ ಚರ್ಮದ ಮೂಲಕವೂ ಗಂಟಲಿನ ಒಳಪದರದ ಮೂಲಕವೂ ನೀರಿನಿಂದ ಸ್ವಲ್ಪ ಪ್ರಾಣವಾಯುವನ್ನು ಹೀರಿಕೊಳ್ಳುವ ಶಕ್ತಿಯುಂಟು. ದೀರ್ಘ ಕಾಲ ಮುಳುಗಿರಲು ಅದು ನೆರವಾಗುತ್ತದೆ. ಮೀನೋ ಸಿಗಡಿಯೋ ಏಡಿಯೋ ಸಮೀಪಕ್ಕೆ ಬಂದಾಗ ಕತ್ತನ್ನು ಬಾಣದಂತೆ ಚಾಚಿ ಹಿಡಿಯುತ್ತದೆ. ಆಮೆಯೆಂದರೆ ನಿಧಾನ ಎಂಬ ಗಾದೆಯ ಮಾತು ಈ ಕತ್ತಿಗೆ ಅನ್ವಯಿಸದು.

ಮರಳು ಅದಕ್ಕೆ ಕವಚ, ಬೇಟೆಯ ಹೊಂಚುತಾಣ, ತೊಟ್ಟಿಲೂ ಹೌದು. ಮಳೆಗಾಲ ಮುಗಿದು ನೀರು ತಗ್ಗಿ ಮರಳುದಿಣ್ಣೆಗಳು ತೇಲಿದ ಬಳಿಕ ಹೆಣ್ಣು ದಡಕ್ಕೆ ಬಂದು ಕುಳಿ ತೋಡಿ ಮೊಟ್ಟೆಯಿಡುತ್ತದೆ. ಒಂದು ಬಾರಿಗೆ ಸಾಮಾನ್ಯವಾಗಿ 20ರಿಂದ 28 ಮೊಟ್ಟೆಗಳು. ಅವುಗಳನ್ನು ಮುಚ್ಚಿ ನದಿಗೆ ಮರಳಿದ ಮೇಲೆ ತಾಯಿಯ ಕೆಲಸ ಮುಗಿಯಿತು. ಮುಂದಿನದು ಮರಳಿನ ಬಿಸಿಗೆ ಸೇರಿದ್ದು. ಆಮೆಗಳು ಪ್ರಾಯಕ್ಕೆ ಬರಲು ಅನೇಕ ವರ್ಷಗಳು ಬೇಕು, ಮರಿಗಳಲ್ಲಿ ಬಹುಪಾಲು ಬೆಳೆಯುವ ಮೊದಲೇ ನಾಶವಾಗುತ್ತವೆ. ಆದುದರಿಂದ ಬಲಿತ ಒಂದು ಹೆಣ್ಣು ಸತ್ತರೆ ಆಗುವ ನಷ್ಟವನ್ನು ನೂರಾರು ಮೊಟ್ಟೆಗಳೂ ಸುಲಭವಾಗಿ ತುಂಬಲಾರವು.

ಅಪಾಯಗಳ ಸ್ವರೂಪವೂ ಇದರಿಂದಲೇ ತಿಳಿಯುತ್ತದೆ. ನದಿಯಿಂದ ಮರಳು ತೆಗೆದಾಗ ಮನುಷ್ಯನ ಲೆಕ್ಕದಲ್ಲಿ ಹೋಗುವುದು ಇಂತಿಷ್ಟು ಲೋಡು ಹೊಯಿಗೆ. ಆಮೆಯ ಲೆಕ್ಕದಲ್ಲಿ ಹೋಗುವುದು ಮೈಯ ಕವಚ, ಆಹಾರದ ನೆಲೆ, ಮುಂದಿನ ತಲೆಮಾರಿನ ತೊಟ್ಟಿಲು. ಬೇಸಿಗೆಯ ನೀರಿಗಾಗಿ ಕಿಂಡಿ ಅಣೆಕಟ್ಟಿನ ಹಲಗೆಗಳನ್ನು ಇಳಿಸಿದಾಗ ಮೇಲ್ಭಾಗದಲ್ಲಿ ನೀರು ಏರಿ ದಿಣ್ಣೆಗಳು ಮುಳುಗುತ್ತವೆ. ಮೊಟ್ಟೆಯಿಡುವ ಕಾಲ ಅದೇ ಆಗಿದ್ದರೆ ಕುಳಿಯೊಳಗಿನ ಭ್ರೂಣಗಳು ಉಸಿರುಕಟ್ಟಿ ಸಾಯುತ್ತವೆ. ಮೀನಿಗೆಂದು ಹಾಕಿದ ಗಾಳವನ್ನು ಆಮೆ ನುಂಗುತ್ತದೆ, ಬಲೆಗೂ ಬೀಳುತ್ತದೆ. ಮಾಂಸಕ್ಕಾಗಿ ಹಿಡಿಯುವುದು ಏಷ್ಯಾದ ಉದ್ದಕ್ಕೂ ಇದರ ಅವನತಿಗೆ ದೊಡ್ಡ ಕಾರಣವಾಗಿದೆ.

ಇಂತಹ ಪ್ರಾಣಿಯ ಎಣಿಕೆ ಮಾಡುವುದು ಹೇಗೆ? ಹುಲಿಯ ಹೆಜ್ಜೆ ನೆಲದ ಮೇಲೆ ಮೂಡುತ್ತದೆ, ಆನೆಯ ಲದ್ದಿ ದಾರಿಯಲ್ಲಿ ಸಿಗುತ್ತದೆ. ನೀರಿನಡಿಯ ಮರಳಿನೊಳಗೆ ಅಲುಗದೆ ಮಲಗಿದ ಆಮೆಯನ್ನು ಹುಡುಕಲು ಸಾಮಾನ್ಯ ಸಮೀಕ್ಷಾ ವಿಧಾನಗಳು ಸಾಲುವುದಿಲ್ಲ. ಆಯುಷಿ ಜೈನ್ ಮತ್ತು ಅವರ ಸಹ ಸಂಶೋಧಕರು ಚಂದ್ರಗಿರಿಯಲ್ಲಿ ಹಿಡಿದ ದಾರಿ ಈ ಕಾರಣದಿಂದ ಗಮನಾರ್ಹವಾದುದು. ಅವರು ನದೀತೀರದ ನಿವಾಸಿಗಳ ಬಳಿ ಹೋಗಿ ಕೇಳಿದರು: ಈ ಆಮೆಯನ್ನು ಕಂಡಿದ್ದೀರಾ, ಎಲ್ಲಿ, ಯಾವಾಗ, ಈಗಲೂ ಕಾಣುತ್ತದೆಯೇ, ಯಾವುದರಿಂದ ಅದಕ್ಕೆ ತೊಂದರೆ? ಉತ್ತರಗಳನ್ನು ಒಟ್ಟುಗೂಡಿಸಿದಾಗ ಆಮೆ ಹಿಂದೆ ಹೆಚ್ಚಿತ್ತು, ಈಗ ಕುಗ್ಗಿದೆ, ಆದರೂ ಇದೆ ಎಂಬ ಚಿತ್ರ ಮೂಡಿತು. ಕಂಡವರು ಕೂಡಲೇ ಸುದ್ದಿ ಮುಟ್ಟಿಸುವ ಒಂದು ಜಾಲವೂ ಬೆಳೆಯಿತು. ಅದರ ಫಲವಾಗಿ ಮೊಟ್ಟೆಯಿಡುತ್ತಿದ್ದ ಹೆಣ್ಣೊಂದನ್ನು ದಾಖಲಿಸಲು ಸಾಧ್ಯವಾಯಿತು. ನೀರು ನುಗ್ಗಿದ ಕುಳಿಗಳಿಂದ ಮೊಟ್ಟೆಗಳನ್ನು ರಕ್ಷಿಸಿ, ಹೊರಬಂದ ಮರಿಗಳನ್ನು ನದಿಗೆ ಬಿಡಲಾಯಿತು. ಈ ಅಧ್ಯಯನ 2024ರಲ್ಲಿ ‘ಓರಿಕ್ಸ್’ ಎಂಬ ಸಂರಕ್ಷಣಾ ಪತ್ರಿಕೆಯಲ್ಲಿ ಪ್ರಕಟವಾಯಿತು.

ಜನರ ಅರಿವನ್ನು ಆಧಾರವಾಗಿಸಿಕೊಂಡ ಇನ್ನೊಂದು ನಿದರ್ಶನ ಇದೇ ಆಮೆಯ ಮತ್ತೊಂದು ನೆಲೆಯಾದ ಕಾಂಬೋಡಿಯಾದಲ್ಲಿದೆ. ಅಲ್ಲಿಯ ಮೆಕಾಂಗ್ ನದಿಯಲ್ಲಿ ಈ ಆಮೆ 2007ರಲ್ಲಿ ವಿಜ್ಞಾನಿಗಳ ಕಣ್ಣಿಗೆ ಮತ್ತೆ ಬಿತ್ತು. ಮೊಟ್ಟೆಗಳ ಜಾಡು ಚೆನ್ನಾಗಿ ಬಲ್ಲವರು ಅವುಗಳನ್ನು ಆಯುತ್ತಿದ್ದ ಹಳ್ಳಿಗರೇ. ಕುಳಿಗಳನ್ನು ಕಾಯುವುದಕ್ಕೆ ಹಳ್ಳಿಗರಿಗೆ ಹಣ ಕೊಡುವ ವ್ಯವಸ್ಥೆಯನ್ನು ಅಲ್ಲಿ ರೂಪಿಸಲಾಯಿತು. ಕಳೆಯುವ ಜಾಣ್ಮೆಯೂ ಕಾಯುವ ಜಾಣ್ಮೆಯೂ ಒಂದೇ ಅನುಭವದಿಂದ ಬಂದವು.

ಕಾಸರಗೋಡಿನಲ್ಲಿ ಈ ಅರಿವಿಗೆ ಸಾರ್ವಜನಿಕ ಮನ್ನಣೆಯೂ ಸಿಕ್ಕಿದೆ. 2023ರಲ್ಲಿ ಕಾಸರಗೋಡು ತನ್ನದೇ ಆದ ಮರ, ಹೂ, ಹಕ್ಕಿ ಮತ್ತು ಪ್ರಾಣಿಯನ್ನು ಅಧಿಕೃತವಾಗಿ ಘೋಷಿಸಿದ ದೇಶದ ಮೊದಲ ಜಿಲ್ಲೆಯಾಯಿತು. ಮರ ಕಾಂಞಿರ, ಅಂದರೆ ನಮ್ಮ ಕಾಸರಕ. ಊರಿನ ಹೆಸರನ್ನೇ ಅದರೊಂದಿಗೆ ಜೋಡಿಸುವವರಿದ್ದಾರೆ. ಹೂ ಪೆರಿಯ ಪೊಲತ್ತಾಳಿ, ಹಕ್ಕಿ ಬಿಳಿಹೊಟ್ಟೆಯ ಕಡಲ ಹದ್ದು, ಪ್ರಾಣಿ ಪಾಲಪ್ಪೂವನ್ ಆಮೆ.

ಘೋಷಣೆಯಿಂದ ಗೌರವ ಬರುತ್ತದೆ. ರಕ್ಷಣೆಗೆ ಬೇಕಾದುದು ದಿನನಿತ್ಯದ ನಡವಳಿಕೆ. ಇಲ್ಲಿ ಭಾಷೆಯ ಪ್ರಶ್ನೆ ಎದುರಾಗುತ್ತದೆ. ಕೊಡಗಿನ ಬೆಟ್ಟಗಳಲ್ಲಿ ಹುಟ್ಟಿ, ಸುಳ್ಯದ ನಡುವೆ ಪಯಸ್ವಿನಿಯಾಗಿ ಹರಿದು, ಗಡಿ ದಾಟಿ ಚಂದ್ರಗಿರಿಯಾಗುವ ಈ ನೀರಿನ ದಡದಲ್ಲಿ ಕನ್ನಡ, ತುಳು, ಮಲಯಾಳ, ಮರಾಠಿ, ಬ್ಯಾರಿ ಮಾತುಗಳೆಲ್ಲ ಕೇಳಿಸುತ್ತವೆ. ಮೇಲ್ಭಾಗದಲ್ಲಿ ಮರಳು ತೆಗೆದರೆ ಕೆಳಭಾಗದ ದಿಣ್ಣೆ ಸೊರಗುತ್ತದೆ. ಎಚ್ಚರಿಕೆಯ ಫಲಕ ಒಂದೇ ಭಾಷೆಯಲ್ಲಿದ್ದರೆ, ಸಂದರ್ಶಕರು ಒಂದೇ ಭಾಷೆಯಲ್ಲಿ ಕೇಳಿದರೆ, ನದಿಯ ಅರ್ಧ ನೆನಪು ದಾಖಲೆಯ ಹೊರಗೇ ಉಳಿದೀತು. ಗಾಳಕ್ಕೆ ಸಿಕ್ಕಿದ ದೊಡ್ಡ ಆಮೆಯ ಕತೆಯನ್ನು ಮನೆಯ ಹಿರಿಯರೊಬ್ಬರು ತುಳುವಿನಲ್ಲಿಯೋ ಕನ್ನಡದಲ್ಲಿಯೋ ಬಲ್ಲವರಾಗಿದ್ದರೆ, ಅದು ಸಂರಕ್ಷಣೆಗೆ ಬೇಕಾದ ಮಾಹಿತಿಯೇ. ಅದನ್ನು ಊರು, ಕಯ, ಅಂದಾಜು ವರ್ಷಗಳೊಂದಿಗೆ ಬರೆದಿಡುವುದು ಗಡಿನಾಡಿನ ಜಾನಪದ ಸಂಗ್ರಾಹಕರಿಗೆ ಹೊಸ ಕೆಲಸವೇನಲ್ಲ. ಹೆಸರಿನ ವಿಷಯದಲ್ಲಿಯೂ ‘ಕ್ಯಾಂಟರನ ದೈತ್ಯ ಮೆದುಚಿಪ್ಪಿನ ಆಮೆ’ ಎಂಬ ಉದ್ದದ ಅನುವಾದಕ್ಕಿಂತ ಪಾಲಪ್ಪೂವನ್ ಎಂಬ ನದಿಯ ಹೆಸರನ್ನೇ ಕನ್ನಡವು ಸ್ವೀಕರಿಸುವುದು ಲೇಸು. ನೆರೆಯವರ ಮಾತನ್ನು ತನ್ನದಾಗಿಸಿಕೊಳ್ಳುವುದು ಈ ನೆಲದ ಕನ್ನಡಕ್ಕೆ ರೂಢಿಯೇ ಆಗಿದೆ.

ದಡದಲ್ಲಿ ವಾಸಿಸುವವರು ತಿಳಿದಿರಬೇಕಾದ ಕೆಲವು ಸಂಗತಿಗಳಿವೆ. ಆಮೆ ಗಾಳಕ್ಕೆ ಸಿಕ್ಕಿದ್ದರೆ ದಾರವನ್ನು ಬಲವಾಗಿ ಎಳೆಯಬಾರದು, ದಾರ ಕತ್ತರಿಸಿ ಹಾಗೆಯೇ ಬಿಟ್ಟುಬಿಡಲೂಬಾರದು. ಒಳಗುಳಿದ ಕೊಕ್ಕೆ ಅದನ್ನು ಕೊಲ್ಲಬಹುದು. ಅರಣ್ಯ ಇಲಾಖೆಗೆ ಸುದ್ದಿ ಮುಟ್ಟಿಸುವುದು ಸರಿಯಾದ ಕ್ರಮ. ಮರಳಿನಲ್ಲಿ ಮೊಟ್ಟೆಗಳು ಕಂಡರೆ ಕೈಯಾರೆ ಎತ್ತಬಾರದು. ಇಟ್ಟ ಬಳಿಕ ಸ್ವಲ್ಪ ಕಾಲದಲ್ಲಿಯೇ ಭ್ರೂಣವು ಮೊಟ್ಟೆಯ ಮೇಲ್ಭಾಗದ ಒಳಗೋಡೆಗೆ ಅಂಟಿಕೊಳ್ಳುತ್ತದೆ. ಆಮೇಲೆ ಮೊಟ್ಟೆಯನ್ನು ತಿರುಗಿಸಿದರೆ ಅದು ಸಾಯಬಹುದು. ಜಾಗಕ್ಕೆ ಗುರುತು ಮಾಡಿ ಬಲ್ಲವರಿಗೆ ತಿಳಿಸಿದರೆ ಸಾಕು. ಕಿಂಡಿ ಅಣೆಕಟ್ಟಿನ ಹಲಗೆ ಇಳಿಸುವ ಮೊದಲು ಮೇಲ್ಭಾಗದ ದಿಣ್ಣೆಗಳನ್ನೊಮ್ಮೆ ನೋಡಿಬರುವ ಪದ್ಧತಿಯನ್ನು ಪಂಚಾಯತುಗಳು ರೂಢಿಸಿಕೊಂಡರೆ ಒಂದು ವರ್ಷದ ಸಂತಾನವೇ ಉಳಿದೀತು.

ಚಂದ್ರಗಿರಿಯನ್ನು ಕುರಿತ ನಮ್ಮ ಬರಹಗಳಲ್ಲಿ ದಡಗಳ ಮಾತು ಬಹಳ ಬಂದಿದೆ. ನದಿಯ ತಳದ ಮಾತೂ ಇನ್ನು ಬರಬೇಕಾಗಿದೆ. ಅದನ್ನು ಹೇಳಬಲ್ಲವರು ಎರಡೂ ದಡಗಳಲ್ಲಿ ಇದ್ದಾರೆ. ಅವರಲ್ಲಿ ಹೆಚ್ಚಿನವರು ವಯಸ್ಸಾದವರು.